ಸ್ಟೇನ್‌ಲೆಸ್ ಸ್ಟೀಲ್ ರೇಲಿಂಗ್: ಶುಚಿ ಮತ್ತು ಪಾಲನೆ

ಮೆಟ್ಟಿಲ ಪಕ್ಕ, ಬಾಲ್ಕನಿಯ ಅಂಚು, ತಾರಸಿ, ಆಸ್ಪತ್ರೆಯ ಇಳಿಜಾರು, ದೇವಸ್ಥಾನದ ಸರದಿ ಸಾಲು, ಮೆಟ್ರೊ ನಿಲ್ದಾಣ ಮೊದಲಾದ ಕಡೆ ಬೀಳದಂತೆ ತಡೆಯಲೂ ಹಿಡಿದು ನಡೆಯಲೂ ನಿಲ್ಲಿಸುವ, ಕ್ರೋಮಿಯಂ ಬೆರೆತ ಉಕ್ಕಿನ ಕೊಳವೆಗಳ ಅಡ್ಡಗಟ್ಟು. ಹಳಬರು ಅಡ್ಡಗಟ್ಟನ್ನು ಕಟಕಟೆ, ಕಟಾಂಜನ ಎನ್ನುತ್ತಿದ್ದರು. ಕಟಕಟೆ ಈಗ ನ್ಯಾಯಾಲಯದ ಪಾಲಾಗಿದೆ. ಮನೆಗೆ ಬಂದಿರುವುದು ರೇಲಿಂಗ್, ಫ್ಯಾಬ್ರಿಕೇಶನ್ ಅಂಗಡಿಯವರ ಬಾಯಲ್ಲಿ ‘ಎಸ್‌ಎಸ್ ರೇಲಿಂಗ್’. ಮರದ ಕಟಾಂಜನಕ್ಕೆ ವಾರ್ನಿಷ್ ಬೇಕಿತ್ತು, ಕಬ್ಬಿಣದ ಗ್ರಿಲ್ಲಿಗೆ ಕೆಲವು ವರ್ಷಕ್ಕೊಮ್ಮೆ ಕೆರೆದು ಕೆಂಪು ಪ್ರೈಮರ್ ಹೊಡೆದು ಬಣ್ಣ ಬಳಿಯಬೇಕಿತ್ತು. ಎಸ್‌ಎಸ್‌ಗೆ ಇದೇನೂ ಬೇಡ ಎಂಬ ನಂಬಿಕೆಯೇ ಅದರ ವ್ಯಾಪಾರಕ್ಕೆ ದೊಡ್ಡ ಬಲ. ನಂಬಿಕೆ ಅರ್ಧ ನಿಜ. ಈ ಲೋಹ ಬೇಡುವ ಆರೈಕೆ ತೀರ ಕಡಿಮೆ. ಆದರೆ ತಪ್ಪು ಆರೈಕೆಯನ್ನು ಅದು ಸಹಿಸುವುದಿಲ್ಲ. ಕಂದು ಹಿಡಿದ ರೇಲಿಂಗ್ ಇರುವ ಮನೆಯಲ್ಲಿ ಅದನ್ನು ಯಾವುದರಿಂದ ಉಜ್ಜುತ್ತೀರಿ ಎಂದು ಕೇಳಿದರೆ, ಬಹುಮಟ್ಟಿಗೆ ಕಾರಣ ಆ ಉತ್ತರದಲ್ಲೇ ಇರುತ್ತದೆ.

ಲೋಹದ ಗುಣ

ಉಕ್ಕಿನಲ್ಲಿ ಕನಿಷ್ಠ ಶೇ. 10.5ರಷ್ಟು ಕ್ರೋಮಿಯಂ ಇದ್ದರೆ ಅದನ್ನು ಸ್ಟೇನ್‌ಲೆಸ್ ಎನ್ನುತ್ತಾರೆ. ಕ್ರೋಮಿಯಂ ಗಾಳಿಯ ಆಮ್ಲಜನಕದೊಡನೆ ಸೇರಿ ಲೋಹದ ಮೈಮೇಲೆ ಆಕ್ಸೈಡಿನ ಒಂದು ಪದರ ಕಟ್ಟುತ್ತದೆ. ಅದರ ದಪ್ಪ ಒಂದರಿಂದ ಮೂರು ನ್ಯಾನೋಮೀಟರ್. ತಲೆಗೂದಲಿನ ಒಂದು ಎಳೆಯ ದಪ್ಪಕ್ಕೆ ಇಂಥ ಇಪ್ಪತ್ತು ಸಾವಿರ ಪದರ ಪೇರಿಸಬಹುದು. ಕಣ್ಣಿಗೆ ಕಾಣದ ಈ ಪದರವೇ ರೇಲಿಂಗಿನ ಬಣ್ಣ, ಪ್ರೈಮರ್, ವಾರ್ನಿಷ್ ಎಲ್ಲ. ಗೀರು ಬಿದ್ದರೆ, ಅಲ್ಲಿ ಗಾಳಿ ಆಡುತ್ತಿದ್ದರೆ, ಪದರ ತಾನಾಗಿ ಮತ್ತೆ ಕೂಡಿಕೊಳ್ಳುತ್ತದೆ. ಕಬ್ಬಿಣದ ಮೇಲೆ ಬಳಿದ ಬಣ್ಣಕ್ಕೆ ಈ ಗುಣವಿಲ್ಲ.

ಪಾಲನೆಯ ನಿಯಮಗಳೆಲ್ಲ ಹುಟ್ಟುವುದು ಇಲ್ಲಿಂದಲೇ. ಪದರಕ್ಕೆ ಇಬ್ಬರು ಶತ್ರುಗಳು. ಒಂದು, ಕ್ಲೋರೈಡ್: ಉಪ್ಪು, ಬ್ಲೀಚಿಂಗ್ ದ್ರಾವಣ, ಹೈಡ್ರೋಕ್ಲೋರಿಕ್ ಆಮ್ಲ ಇವುಗಳಲ್ಲಿರುವುದು. ಇದು ಪದರವನ್ನು ಅಲ್ಲಲ್ಲಿ ಸೂಜಿಮೊನೆಯಷ್ಟು ತೂತು ಮಾಡುತ್ತದೆ. ಎರಡು, ಗಾಳಿಯಾಡದಿರುವಿಕೆ: ಧೂಳು, ಎಣ್ಣೆಜಿಡ್ಡು, ಸಿಮೆಂಟಿನ ಹಕ್ಕಳೆ, ಅಂಟು, ಸಂದುಗಳಲ್ಲಿ ನಿಂತ ನೀರು. ಇವುಗಳ ಅಡಿಯಲ್ಲಿ ಆಮ್ಲಜನಕ ಸಿಗದೆ ಕೆಟ್ಟ ಪದರ ಮತ್ತೆ ಕಟ್ಟಿಕೊಳ್ಳುವುದಿಲ್ಲ. ರೇಲಿಂಗ್ ತೊಳೆಯುವುದು ಹೊಳಪಿಗಾಗಿ ಎಂದುಕೊಂಡರೆ ಅರ್ಧ ವಿಷಯ ಬಿಟ್ಟಂತೆ. ತೊಳೆಯುವುದು ಅದಕ್ಕೆ ಉಸಿರಾಡಲು ಬಿಡುವುದಕ್ಕಾಗಿ.

ಕ್ರೋಮಿಯಂ ಸೇರಿದ ಕಬ್ಬಿಣ ಆಮ್ಲಗಳಿಗೆ ಜಗ್ಗುವುದಿಲ್ಲವೆಂದು ಫ್ರಾನ್ಸಿನ ಪಿಯೇರ್ ಬರ್ಥಿಯೇ 1821ರಲ್ಲೇ ಗುರುತಿಸಿದ್ದ. ಬಳಕೆಗೆ ಬರಲು ತೊಂಬತ್ತು ವರ್ಷ ಬೇಕಾಯಿತು. 1912ರಲ್ಲಿ ಜರ್ಮನಿಯ ಕ್ರುಪ್ ಕಾರ್ಖಾನೆಯ ಬೆನ್ನೊ ಸ್ಟ್ರೌಸ್ ಮತ್ತು ಎಡ್ವರ್ಡ್ ಮೌರರ್ ಅವರ ಕೆಲಸದಿಂದ ಕ್ರೋಮಿಯಂ-ನಿಕ್ಕಲ್ ಉಕ್ಕಿಗೆ ಪೇಟೆಂಟ್ ದೊರೆಯಿತು. 1913ರ ಆಗಸ್ಟ್‌ನಲ್ಲಿ ಇಂಗ್ಲೆಂಡಿನ ಶೆಫೀಲ್ಡ್‌ನಲ್ಲಿ ಹ್ಯಾರಿ ಬ್ರಿಯರ್ಲಿ ಬಂದೂಕಿನ ನಳಿಗೆಗೆಂದು ಶೇ. 12.8 ಕ್ರೋಮಿಯಂ ಹಾಕಿ ಕರಗಿಸಿದ ಉಕ್ಕು, ಪರೀಕ್ಷೆಗಾಗಿ ಸವರಿದ ಆಮ್ಲಕ್ಕೆ ಬಗ್ಗಲಿಲ್ಲ. ಅದು ಚಾಕುಚಮಚಗಳ ಊರು. ವಿನೆಗರ್‌ನಲ್ಲಿಟ್ಟು ನೋಡಿದ ಚಾಕು ತಯಾರಕ ಅರ್ನೆಸ್ಟ್ ಸ್ಟುವರ್ಟ್ ಇಟ್ಟ ಹೆಸರು ‘ಸ್ಟೇನ್‌ಲೆಸ್’. ಅಡುಗೆಮನೆಯ ಚಾಕುವಿಗೆ ಒಪ್ಪಿದ ಹೆಸರು ಕಟ್ಟಡಕ್ಕೆ ಬಂದಾಗ ತುಸು ಹೆಚ್ಚೇ ಭರವಸೆ ಕೊಟ್ಟುಬಿಟ್ಟಿತು. ಕಲೆಯೇ ಆಗದು ಎಂಬುದಕ್ಕಿಂತ ಕಲೆ ಕಡಿಮೆ ಎಂಬುದೇ ಅದರ ದಿಟವಾದ ಅರ್ಥ.

ಕ್ರೋಮಿಯಂ ಇಲ್ಲದ ಕಬ್ಬಿಣವೂ ರಕ್ಷಣೆಯ ಪದರ ಕಟ್ಟಿಕೊಂಡ ಉದಾಹರಣೆ ನಮ್ಮಲ್ಲಿವೆ. ದೆಹಲಿಯ ಗುಪ್ತರ ಕಾಲದ ಸ್ತಂಭ ಉಳಿದಿರುವುದಕ್ಕೆ ಅದರಲ್ಲಿ ಹೆಚ್ಚಾಗಿರುವ ರಂಜಕ ಕಾರಣವೆಂದು ಐಐಟಿ ಕಾನ್ಪುರದ ಆರ್. ಬಾಲಸುಬ್ರಮಣ್ಯಂ ವಿವರಿಸಿದರು. ಕೊಡಚಾದ್ರಿಯ ಮೂಲ ಮೂಕಾಂಬಿಕೆ ಗುಡಿಯ ಮುಂದಿನ ಕಬ್ಬಿಣದ ಕಂಬವೂ ಸಹ್ಯಾದ್ರಿಯ ಮಳೆಯಲ್ಲಿ ನಿಂತೇ ಇದೆ. ದೆಹಲಿಯ ಸ್ತಂಭವನ್ನು ಜನ ತಬ್ಬಿ ತಬ್ಬಿ ಸವೆಸುತ್ತಾರೆಂದು 1997ರಲ್ಲಿ ಸುತ್ತ ಬೇಲಿ ಹಾಕಬೇಕಾಯಿತು. ರೇಲಿಂಗಿಗೆ ಆ ಭಾಗ್ಯವಿಲ್ಲ. ಅದು ಇರುವುದೇ ಕೈಗೆ ಸಿಗಲೆಂದು, ಬೆವರಿನಲ್ಲಿರುವುದು ಅದೇ ಉಪ್ಪು.

ದರ್ಜೆ: ತೊಳೆಯುವ ಮೊದಲಿನ ಪ್ರಶ್ನೆ

ಪಾಲನೆಯ ಅರ್ಧ ಹಣೆಬರಹ ಪೈಪು ಕೊಳ್ಳುವ ದಿನವೇ ಬರೆದಾಗಿರುತ್ತದೆ. ಮಾರುಕಟ್ಟೆಯಲ್ಲಿ ಮುಖ್ಯವಾಗಿ ಮೂರು ಬಗೆ. 304 ಎಂಬ ದರ್ಜೆಯಲ್ಲಿ ಸುಮಾರು ಶೇ. 18 ಕ್ರೋಮಿಯಂ, ಶೇ. 8 ನಿಕ್ಕಲ್, ಪಾತ್ರೆಯವರು ‘18-8’ ಎನ್ನುವುದು ಇದನ್ನೇ. 316ರಲ್ಲಿ ನಿಕ್ಕಲ್ ಇನ್ನೂ ಹೆಚ್ಚು, ಜೊತೆಗೆ ಶೇ. 2ರಿಂದ 3 ಮಾಲಿಬ್ಡಿನಂ. ಕ್ಲೋರೈಡಿಗೆ ಎದೆಕೊಡುವ ಶಕ್ತಿ ಮಾಲಿಬ್ಡಿನಂನದು, ಹಾಗಾಗಿ ಇದು ‘ಮರೀನ್ ಗ್ರೇಡ್’. ಮೂರನೆಯದು 200 ಸರಣಿ. ನಿಕ್ಕಲ್ ದುಬಾರಿ, ಅದನ್ನು ತಗ್ಗಿಸಿ ಮ್ಯಾಂಗನೀಸ್ ತುಂಬಿದ ಉಕ್ಕು ಇದು. 202ರಲ್ಲಿ ನಿಕ್ಕಲ್ ಶೇ. 4ರಿಂದ 6, ಮ್ಯಾಂಗನೀಸ್ ಶೇ. 7.5ರಿಂದ 10. ಪೇಟೆಯಲ್ಲಿ ‘ಜೆ-4’ ಎನ್ನುವ ಇನ್ನೂ ಅಗ್ಗದ ಬಗೆಯಲ್ಲಿ ನಿಕ್ಕಲ್ ಶೇ. 1ರ ಆಸುಪಾಸಿಗೆ ಇಳಿದಿರುತ್ತದೆ, ಕ್ರೋಮಿಯಂ ಕೂಡ ಕಡಿಮೆ. ಹೊಸದಾಗಿ ಬಫ್ ಮಾಡಿಟ್ಟಾಗ ಮೂರೂ ಒಂದೇ ಥರ ಫಳಫಳ. ವ್ಯತ್ಯಾಸ ತಿಳಿಯುವುದು ಎರಡನೆಯ ಮಳೆಗಾಲದಲ್ಲಿ.

ಮ್ಯಾಗ್ನೆಟ್ ಅಂಟಿದರೆ ಡೂಪ್ಲಿಕೇಟ್, ಅಂಟದಿದ್ದರೆ 304 ಎಂಬ ಮಾತನ್ನು ಅಂಗಡಿಯಲ್ಲೂ ಕೇಳಬಹುದು, ನೆಂಟರಿಂದಲೂ ಕೇಳಬಹುದು. ಇದು ಮೋಸಹೋಗಲು ಒಳ್ಳೆಯ ದಾರಿ. 304, 316ರಂತೆ 202 ಕೂಡ ಆಸ್ಟೆನೈಟ್ ಜಾತಿಯದು; ಇವು ಯಾವುದಕ್ಕೂ ಅಯಸ್ಕಾಂತ ಸರಿಯಾಗಿ ಹಿಡಿಯುವುದಿಲ್ಲ. ನಿಕ್ಕಲ್ ಇಲ್ಲದ 430ರಂಥ ದರ್ಜೆಯನ್ನಷ್ಟೇ ಮ್ಯಾಗ್ನೆಟ್ ಹಿಡಿದುಕೊಡುತ್ತದೆ. ಬದಲಿಗೆ ಅಪ್ಪಟ 304 ಪೈಪನ್ನೇ ಬಾಗಿಸಿದ ಕಡೆ, ವೆಲ್ಡ್ ಮಾಡಿದ ಕಡೆ ಅಲ್ಪಸ್ವಲ್ಪ ಸೆಳೆತ ಕಾಣಬಹುದು. ಮ್ಯಾಂಗನೀಸ್ ಪತ್ತೆಮಾಡುವ ದ್ರಾವಣದ ಕಿಟ್ ಸಿಗುತ್ತದೆ: ಪೈಪಿನ ಮೇಲೆ ಒಂದು ಹನಿ ಬಿಟ್ಟು 9 ವೋಲ್ಟಿನ ಬ್ಯಾಟರಿ ತಾಗಿಸಿದರೆ 200 ಸರಣಿ ಕೆಂಪಗಾಗುತ್ತದೆ. ಇದಕ್ಕಿಂತ ನಂಬಲರ್ಹವಾದದ್ದು ಎಕ್ಸ್-ರೇ ಗನ್ನಿನ ಪರೀಕ್ಷೆ. ಏನೂ ಇಲ್ಲದಿದ್ದರೂ ಬಿಲ್ಲಿನಲ್ಲಿ ದರ್ಜೆಯ ಸಂಖ್ಯೆ ಬರೆಸಿಕೊಳ್ಳಲು ಯಾವ ಯಂತ್ರವೂ ಬೇಕಿಲ್ಲ.

ಒಳನಾಡಿನ ಮನೆಯ ಒಳಗಿನ ಮೆಟ್ಟಿಲಿಗೆ 202 ಸಾಕು ಎನ್ನುವುದರಲ್ಲಿ ತಪ್ಪಿಲ್ಲ. ಮಳೆ ಬೀಳುವ ತಾರಸಿಗೆ 304 ಬೇಕು. ಕಡಲ ಬಳಿ 316. ಇದನ್ನು ಮೀರಿ ಮಾಡಿದ ಉಳಿತಾಯ ಮುಂದೆ ಪಾಲಿಷ್ ಡಬ್ಬಿಗಳ ಲೆಕ್ಕದಲ್ಲಿ ಖರ್ಚಾಗುತ್ತದೆ.

ಮೇಲ್ಮೈಯ ನಯವೂ ಮುಖ್ಯ. ಕನ್ನಡಿಯಂತೆ ಹೊಳೆಯುವ ‘ಗ್ಲಾಸ್’ ಪಾಲಿಷಿನಲ್ಲಿ ಬೆರಳಚ್ಚು, ಗೀರು ಎದ್ದು ಕಾಣುತ್ತವೆ. ಆದರೆ ಉಪ್ಪು, ಧೂಳು ಕೂರಲು ಜಾಗ ಕಡಿಮೆ. ಸಣ್ಣ ಗೆರೆಗಳಿರುವ ‘ಮ್ಯಾಟ್’ ಅಥವಾ ‘ಹೇರ್‌ಲೈನ್’ನಲ್ಲಿ ಬೆರಳಚ್ಚು ಅಡಗುತ್ತದೆ, ಒರಟಾಗಿ ಉಜ್ಜಿದ್ದರೆ ಅದರ ಗೆರೆಗಳೇ ಉಪ್ಪಿನ ಚರಂಡಿಗಳು. ಕಡಲ ಪ್ರದೇಶದಲ್ಲಿ ಒರಟುತನ 0.5 ಮೈಕ್ರೋಮೀಟರಿಗಿಂತ ಕಡಿಮೆಯಿರಲಿ ಎನ್ನುತ್ತಾರೆ ಬಲ್ಲವರು.

ಹೊಸ ರೇಲಿಂಗಿನ ತುಕ್ಕು

ಗೃಹಪ್ರವೇಶಕ್ಕೆ ಮೊದಲೇ ರೇಲಿಂಗಿನ ಮೇಲೆ ಕಂದು ಚುಕ್ಕೆಗಳೆದ್ದರೆ ಮನೆಯವರು ಪೈಪಿನವನನ್ನು ಬಯ್ಯುತ್ತಾರೆ. ಎಷ್ಟೋ ಸಲ ತಪ್ಪು ಅವನದಲ್ಲ. ಪಕ್ಕದಲ್ಲಿ ಗೇಟಿನವನು ಕಬ್ಬಿಣದ ಪಟ್ಟಿ ಕತ್ತರಿಸುತ್ತಿರುತ್ತಾನೆ. ಗ್ರೈಂಡರ್‌ನಿಂದ ಚಿಮ್ಮಿದ ಕಿಡಿಗಳು ಹಾರಿ ಬಂದು ಪೈಪಿಗೆ ಅಂಟುತ್ತವೆ. ಕಿಡಿ ಎಂದರೆ ಕೆಂಡವಾದ ಕಬ್ಬಿಣದ ಪುಡಿ. ರಾತ್ರಿಯ ಇಬ್ಬನಿಗೆ ಆ ಪುಡಿ ತುಕ್ಕಾಗುತ್ತದೆ, ಕೆಳಗಿನ ಸ್ಟೀಲನ್ನೂ ಕೆಡಿಸತೊಡಗುತ್ತದೆ. ಕಬ್ಬಿಣಕ್ಕೆ ಬಳಸಿದ ಡಿಸ್ಕ್, ವೈರ್ ಬ್ರಷ್, ಬಫಿಂಗ್ ಬೆಲ್ಟುಗಳನ್ನೇ ಎಸ್‌ಎಸ್‌ಗೂ ಬಳಸಿದರೆ ಇದೇ ಫಲ. ಒಂದೇ ಅಂಗಡಿಯಲ್ಲಿ ಎರಡೂ ಕೆಲಸ ಮಾಡುವ ನಮ್ಮ ಪದ್ಧತಿಯಲ್ಲಿ ಇದನ್ನು ಕೇಳಿಯೇ ತಪ್ಪಿಸಬೇಕು. ಕಬ್ಬಿಣದ ಕಣ ಇದೆಯೇ ಎಂದು ನೋಡಲು ಸುಲಭದ ವಿಧಾನ: ಪೈಪನ್ನು ನೀರಿನಿಂದ ಒದ್ದೆ ಮಾಡಿ, ಆರಲು ಬಿಟ್ಟು, ಮತ್ತೆ ಒದ್ದೆ ಮಾಡುತ್ತ ಒಂದು ದಿನ ಕಾಯುವುದು. ಇದ್ದರೆ ಚುಕ್ಕೆ ಏಳುತ್ತದೆ.

ವೆಲ್ಡಿಂಗಿನ ಬಳಿ ಕಾಣುವ ಹುಲ್ಲುಹಳದಿ, ಹೊಂಬಣ್ಣ, ನೀಲಿ ಪಟ್ಟೆಗಳನ್ನು ಅಲಂಕಾರವೆಂದು ಬಿಡಬಾರದು. ಆ ಬಣ್ಣದ ಕೆಳಗೆ ಕ್ರೋಮಿಯಂ ಕೊರತೆಯಾದ ಪದರವಿರುತ್ತದೆ. ಮುಂದೆ ತುಕ್ಕು ಶುರುವಾಗುವುದು ಅಲ್ಲೇ. ನಮ್ಮಲ್ಲಿ ‘ಆರ್ಗಾನ್ ವೆಲ್ಡಿಂಗ್’ ಎನ್ನುವ ಟಿಗ್ ವಿಧಾನದಲ್ಲಿ ಬೆಸೆದು, ಬಫ್ ಹೊಡೆದು ಹೊಳಪು ಬರಿಸಿ ಹೋಗುವುದು ರೂಢಿ. ಬಫ್ ಬಣ್ಣವನ್ನು ತೆಗೆಯುತ್ತದೆ, ಕೆಲವೊಮ್ಮೆ ಕೆಟ್ಟ ಪದರವನ್ನು ಮುಚ್ಚಿಯಷ್ಟೇ ಬಿಡುತ್ತದೆ. ಸರಿಯಾದ ಕ್ರಮದಲ್ಲಿ ಇದಕ್ಕೆ ಪಿಕ್ಲಿಂಗ್ ಪೇಸ್ಟ್ ಹಚ್ಚಿ ತೊಳೆಯುತ್ತಾರೆ. ಇಲ್ಲವೇ ಫಾಸ್ಫರಿಕ್ ಆಮ್ಲ ಮತ್ತು ವಿದ್ಯುತ್ ಬಳಸಿ ಬ್ರಷ್‌ನಿಂದ ಸವರುತ್ತಾರೆ. ಆಮೇಲೆ ನೈಟ್ರಿಕ್ ಅಥವಾ ಸಿಟ್ರಿಕ್ ಆಮ್ಲದಿಂದ ರಕ್ಷಣೆಯ ಪದರವನ್ನು ಗಟ್ಟಿಮಾಡುವುದುಂಟು. ಪಿಕ್ಲಿಂಗ್ ಪೇಸ್ಟಿನಲ್ಲಿ ನೈಟ್ರಿಕ್ ಜೊತೆ ಹೈಡ್ರೋಫ್ಲೋರಿಕ್ ಆಮ್ಲ ಇರುತ್ತದೆ. ಚರ್ಮದ ಮೂಲಕ ಇಳಿದು ಎಲುಬಿನವರೆಗೆ ಹೋಗುವ ವಿಷ ಅದು. ಬಳಸುವ ಕಡೆ ಕ್ಯಾಲ್ಸಿಯಂ ಗ್ಲುಕೋನೇಟ್ ಜೆಲ್ ಕೈಗೆ ಸಿಗುವಂತೆ ಇರಲೇಬೇಕು. ಇದು ಕಾರ್ಖಾನೆಯ ಕೆಲಸ. ಆನ್‌ಲೈನ್‌ನಲ್ಲಿ ಸಿಗುತ್ತದೆಂದು ಮನೆಗೆ ತರಬಾರದು.

ಪೈಪಿನ ಮೇಲಿನ ನೀಲಿ-ಬಿಳಿ ಪ್ಲಾಸ್ಟಿಕ್ ಹಾಳೆಯನ್ನು ಗೃಹಪ್ರವೇಶದ ದಿನವೇ ಬಿಚ್ಚಬೇಕೆಂದು ತಿಂಗಳುಗಟ್ಟಲೆ ಇಟ್ಟುಕೊಳ್ಳುವವರಿದ್ದಾರೆ. ಬಿಸಿಲಿಗೆ ಅಂಟು ಬೆಂದು ಪೈಪಿಗೇ ಹತ್ತಿಕೊಳ್ಳುತ್ತದೆ. ಆಮೇಲೆ ಅದನ್ನು ನೀಲಗಿರಿ ಎಣ್ಣೆ, ಸೀಮೆಎಣ್ಣೆ ಅಥವಾ ಐಸೋಪ್ರೊಪೈಲ್ ಆಲ್ಕೋಹಾಲಿನಲ್ಲಿ ಅದ್ದಿದ ಬಟ್ಟೆಯಿಂದ ನಿಧಾನವಾಗಿ ಒರೆಸಿ, ಸೋಪುನೀರಿನಿಂದ ತೊಳೆಯಬೇಕಾಗುತ್ತದೆ.

ಎಲ್ಲಕ್ಕಿಂತ ದೊಡ್ಡ ಅನಾಹುತ ನಡೆಯುವುದು ಕೊನೆಯ ವಾರ, ನೆಲ ತೊಳೆಯುವಾಗ. ಟೈಲ್ಸ್ ಮೇಲಿನ ಸಿಮೆಂಟ್ ಕಲೆ ತೆಗೆಯಲು ಆಸಿಡ್ ಸುರಿಯುತ್ತಾರೆ. ಅದು ಹೈಡ್ರೋಕ್ಲೋರಿಕ್ ಆಮ್ಲ. ರೇಲಿಂಗಿಗೆ ಒಂದು ಹನಿಯೂ ತಾಗಬೇಕಿಲ್ಲ, ಕಿಟಕಿ ಮುಚ್ಚಿದ ಮನೆಯಲ್ಲಿ ಏಳುವ ಹೊಗೆಯೇ ಸಾಕು. ಮರುದಿನ ಮೆಟ್ಟಿಲ ರೇಲಿಂಗ್ ಇಡೀ ಕಂದು. ಆಸಿಡ್ ವಾಶ್ ಮುಗಿದ ಮೇಲೆ ರೇಲಿಂಗ್ ಕೂರಿಸುವುದು ಸರಿಯಾದ ಅನುಕ್ರಮ. ಈಗಾಗಲೇ ಕೂರಿಸಿದ್ದರೆ ಹೊದಿಸಿ, ಕಿಟಕಿ ತೆರೆದು, ಆ ದಿನವೇ ರೇಲಿಂಗನ್ನು ಧಾರಾಳ ನೀರಿನಿಂದ ತೊಳೆಯಬೇಕು.

ತೊಳೆಯುವ ಬಗೆ

ಹೇಳಲು ಹೆಚ್ಚೇನೂ ಇಲ್ಲ, ಅದೇ ಈ ಲೋಹದ ಹೆಚ್ಚುಗಾರಿಕೆ. ಮೊದಲು ಸಾದಾ ನೀರು ಹಾಯಿಸಿ ಧೂಳು, ಮರಳು ಇಳಿಸಬೇಕು. ಒಣ ಧೂಳನ್ನು ಉಜ್ಜಿದರೆ ಅದೇ ಉಜ್ಜುಕಾಗದ. ಉಗುರುಬೆಚ್ಚನೆಯ ನೀರಿಗೆ ಪಾತ್ರೆ ತೊಳೆಯುವ ದ್ರವದ ಒಂದೆರಡು ಹನಿ ಬೆರೆಸಿ ಮೆತ್ತನೆಯ ಬಟ್ಟೆಯಿಂದ ಒರೆಸಬೇಕು. ಹೇರ್‌ಲೈನ್ ಆದರೆ ಗೆರೆಗಳ ಉದ್ದಕ್ಕೆ, ಅಡ್ಡಡ್ಡ ಅಲ್ಲ. ಮತ್ತೆ ಸಾದಾ ನೀರು. ಕೊನೆಗೆ ಒಣಬಟ್ಟೆಯಿಂದ ಒರೆಸಿ ಆರಿಸುವುದು. ಬಹಳ ಜನ ಬಿಡುವುದು ಈ ಕಡೆಯ ಹಂತವನ್ನೇ. ಬಟ್ಟೆ ಕಾಣದ ನೀರು ತಾನೇ ಆರಿ ಸುಣ್ಣದ ಬಿಳಿಚುಕ್ಕೆ ಬಿಡುತ್ತದೆ, ‘ತೊಳೆದ ಮೇಲೂ ಕಲೆ’ ಎಂದು ಬೇಸರಿಸಿ ಆಸಿಡ್ಡಿಗೆ ಕೈಹಾಕುತ್ತಾರೆ.

ಎಷ್ಟು ದಿನಕ್ಕೊಮ್ಮೆ? ಕಿಟಕಿ ಗಾಜು ತೊಳೆಯುವಾಗ ರೇಲಿಂಗನ್ನೂ ತೊಳೆಯಿರಿ ಎಂಬುದು ಕಟ್ಟಡದವರ ರೂಢಿಯ ಸೂತ್ರ. ಒಳಗಿನ ಮೆಟ್ಟಿಲಿಗೆ ವಾರಕ್ಕೊಮ್ಮೆ ಒದ್ದೆಬಟ್ಟೆ ಸಾಕು.

ಅಂಟುವಾಳದ ನೊರೆಯಲ್ಲಿರುವ ಸಪೋನಿನ್ ಸೌಮ್ಯವಾದ ಮಾರ್ಜಕ. ಅಜ್ಜಿಯ ಕಾಲದ ಈ ಕಾಯಿ ಸ್ಟೀಲಿಗೆ ಒಪ್ಪುತ್ತದೆ. ಬೂದಿ, ಇಟ್ಟಿಗೆಪುಡಿ, ತೆಂಗಿನ ನಾರು ಒಪ್ಪುವುದಿಲ್ಲ, ಗೀರುತ್ತವೆ. ಹಿತ್ತಾಳೆಗೆ ಹುಣಸೆಹಣ್ಣು-ಉಪ್ಪು ಹಚ್ಚಿ ತಿಕ್ಕುವ ಅಭ್ಯಾಸ ರೇಲಿಂಗಿಗೆ ಬರಬಾರದು. ಹುಣಸೆಯ ಹುಳಿ ತೊಂದರೆ ಮಾಡದು, ಜೊತೆಗಿನ ಉಪ್ಪು ಮಾಡುತ್ತದೆ. ಕಿಲುಬು ತೆಗೆಯುವುದು ಒಂದು ವಿದ್ಯೆ, ಪದರ ಕಾಯುವುದು ಇನ್ನೊಂದು.

ಕಬ್ಬಿಣದ ನಾರಿನ ಜುಂಗನ್ನು ಎಂದೂ ಮುಟ್ಟಿಸಬಾರದು. ಅದರ ತುಂಡೆಳೆಗಳು ಸಿಕ್ಕಿಕೊಂಡು ತಾವೇ ತುಕ್ಕಾಗುತ್ತವೆ. ಪಾತ್ರೆ ಉಜ್ಜುವ ಹಸಿರು ಪ್ಯಾಡಿನಲ್ಲಿ ಅಲ್ಯುಮಿನಿಯಂ ಆಕ್ಸೈಡಿನ ಹರಳುಗಳಿರುತ್ತವೆ, ಗ್ಲಾಸ್ ಪಾಲಿಷಿಗೆ ಅದು ಕಂಟಕ. ಬ್ಲೀಚಿಂಗ್ ಪುಡಿ, ಟಾಯ್ಲೆಟ್ ಕ್ಲೀನರ್, ಟೈಲ್ಸ್ ಆಸಿಡ್ ಈ ಮೂರೂ ಕ್ಲೋರೈಡಿನ ಮನೆತನದವು. ಅಕಸ್ಮಾತ್ ಚೆಲ್ಲಿದರೆ ಒಣಗಲು ಬಿಡದೆ ತೊಳೆಯುವುದೊಂದೇ ಮದ್ದು.

ಕಲೆಗೆ ತಕ್ಕ ಉಪಾಯ

ಬೋರ್‌ವೆಲ್ ನೀರಿನ ಬಿಳಿ ಸುಣ್ಣದ ಕಲೆ ಬೆಂಗಳೂರು, ಕೋಲಾರ, ಚಿಕ್ಕಬಳ್ಳಾಪುರಗಳ ಮನೆಗಳಿಗೆ ಚಿರಪರಿಚಿತ. ಬಿಳಿ ವಿನೆಗರಿಗೆ ಅಷ್ಟೇ ನೀರು ಬೆರೆಸಿ, ಬಟ್ಟೆ ಅದ್ದಿ, ಕಲೆಯ ಮೇಲೆ ಕೆಲವು ನಿಮಿಷ ಸುತ್ತಿಟ್ಟರೆ ಸುಣ್ಣ ಕರಗುತ್ತದೆ, ನಿಂಬೆರಸವೂ ಆದೀತು. ನಂತರ ನೀರಿನಿಂದ ತೊಳೆಯಬೇಕು. ಇಲ್ಲಿ ಒಂದು ಎಚ್ಚರ. ಮೆಟ್ಟಿಲಿನ ಕಲ್ಲು ಶಹಾಬಾದ್, ಕಡಪ ಅಥವಾ ಕೋಟಾ ಆಗಿದ್ದರೆ ಅವು ಸುಣ್ಣದಕಲ್ಲಿನ ಜಾತಿ, ಅಮೃತಶಿಲೆಯೂ ಹಾಗೆಯೇ. ತೊಟ್ಟಿಕ್ಕಿದ ಹುಳಿ ಕಲ್ಲನ್ನು ತಿನ್ನುತ್ತದೆ, ರೇಲಿಂಗ್ ಬೆಳಗಿಸಿ ಮೆಟ್ಟಿಲು ಕೆಡಿಸಿಕೊಂಡಂತಾಗುತ್ತದೆ. ಕೆಳಗೆ ಗೋಣಿಯನ್ನೋ ಪ್ಲಾಸ್ಟಿಕ್ಕನ್ನೋ ಹಾಸಿಕೊಳ್ಳಬೇಕು. ವಿನೆಗರನ್ನು ಬ್ಲೀಚಿಂಗ್ ದ್ರವದೊಡನೆ ಬೆರೆಸಿದರೆ ಕ್ಲೋರಿನ್ ಅನಿಲ ಏಳುತ್ತದೆ. ಒಂದೇ ಬಕೆಟ್ಟಿನಲ್ಲಿ ಎರಡೂ ಸೇರದಂತೆ ನೋಡಿಕೊಳ್ಳಬೇಕು. ಒಳ್ಳೆಯ ಕಡೆ-ನೀರು ಬೇಕೆಂದರೆ ಸಂಗ್ರಹಿಸಿದ ಮಳೆನೀರಿಗಿಂತ ಮಿಗಿಲಾದದ್ದಿಲ್ಲ, ಅದರಲ್ಲಿ ಸುಣ್ಣವೇ ಇಲ್ಲ.

ಬೆರಳಚ್ಚು, ಎಣ್ಣೆಜಿಡ್ಡು ಆಲ್ಕೋಹಾಲಿಗೆ ಅಥವಾ ಗಾಜು ಒರೆಸುವ ದ್ರವಕ್ಕೆ ಬಿಡುತ್ತದೆ. ಹೊಳಪಿಗೆಂದು ಕೊಬ್ಬರಿ ಎಣ್ಣೆ ಸವರುವುದುಂಟು. ಹೊಳೆಯುತ್ತದೆ, ನಿಜ, ಮರುವಾರ ಆ ಜಿಡ್ಡಿಗೆ ಧೂಳು ಕೂರುತ್ತದೆ. ಅದಕ್ಕಿಂತ, ಮುದುಕರು ಹಿಡಿದು ಇಳಿಯುವ ಕಂಬಿಯನ್ನು ಜಾರುವಂತೆ ಮಾಡುವುದು ಯಾವ ಶುಚಿ?

ಸಿಮೆಂಟ್, ಡಿಸ್ಟೆಂಪರ್ ಹನಿಗಳನ್ನು ನೆನೆಸಿ, ಮರದ ಅಥವಾ ಪ್ಲಾಸ್ಟಿಕ್ಕಿನ ಚಪ್ಪಟೆ ತುಂಡಿನಿಂದ ಎಬ್ಬಿಸಬೇಕು, ಕಬ್ಬಿಣದ ಪಟ್ಟಿಯಿಂದಲ್ಲ. ಪಾರಿವಾಳದ ಹಿಕ್ಕೆ ಅಪಾರ್ಟ್‌ಮೆಂಟ್ ಬಾಲ್ಕನಿಗಳ ನಿತ್ಯದ ಗೋಳು. ಒಣಗಿ ಗಟ್ಟಿಯಾಗುವ ಮೊದಲೇ ತೊಳೆದರೆ ಕಲೆ ನಿಲ್ಲದು. ತಾರಸಿಯ ರೇಲಿಂಗಿನ ಮೇಲೆ ಬ್ಲೀಚ್ ಹಾಕಿದ ಬಿಳಿ ಬಟ್ಟೆ ಒಣಹಾಕುವುದು, ಉಪ್ಪು ಹಚ್ಚಿದ ಮೀನನ್ನೋ ಬಾಳಕದ ಮೆಣಸಿನಕಾಯಿಯನ್ನೋ ತೂಗುಹಾಕುವುದು ಕೂಡ ಕ್ಲೋರೈಡನ್ನು ಕರೆದು ಕೂರಿಸಿದಂತೆ.

ತುಕ್ಕಿನ ಕಂದುಕಲೆಗೆ ಆಕ್ಸಾಲಿಕ್ ಆಮ್ಲ ಇರುವ ಕ್ಲೀನರ್ ಹೆಚ್ಚು ಉಪಯುಕ್ತ. ಕೈಗವಸು ತೊಟ್ಟು, ಒದ್ದೆಬಟ್ಟೆಯಲ್ಲಿ ತೆಗೆದುಕೊಂಡು, ಕಲೆಯ ಮೇಲೆ ಒಂದೆರಡು ನಿಮಿಷ ಇಟ್ಟು, ಮೆಲ್ಲಗೆ ಉಜ್ಜಿ, ಧಾರಾಳವಾಗಿ ತೊಳೆಯುವುದು. ಮೇಲುಮೇಲಿನ ತುಕ್ಕಾದರೆ ಮಾಯವಾಗುತ್ತದೆ. ಕಲೆ ಹೋದ ಮೇಲೆ ಬೆರಳಿಗೆ ಸಣ್ಣ ಕುಳಿ ತಗಲಿದರೆ ಲೋಹ ತೂತುಬೀಳತೊಡಗಿದೆ ಎಂದು ಅರ್ಥ. ಅದನ್ನು ತಿಕ್ಕಿ ಸರಿಮಾಡಲಾಗದು, ನುರಿತವರು ಬಫ್ ಮಾಡಿ ಪದರ ಮರುಕಟ್ಟಿಸಬೇಕು. ಅದೇ ಜಾಗದಲ್ಲಿ ಮೂರು ತಿಂಗಳಿಗೊಮ್ಮೆ ಮತ್ತೆ ಮತ್ತೆ ಕಾಣಿಸಿಕೊಂಡರೆ ದರ್ಜೆಯೇ ಸಾಲದು. ಕಾರಿನ ಮೇಣ, ‘ನ್ಯಾನೋ’ ಸ್ಪ್ರೇ, ಪಾರದರ್ಶಕ ಲ್ಯಾಕರ್‌ಗಳ ಮಾತು ಬೇರೆ. ಕೈ ತಾಗುವ ಕಡೆ ಲ್ಯಾಕರ್ ಸಿಪ್ಪೆ ಏಳುತ್ತದೆ, ಸಿಪ್ಪೆಯ ಅಡಿಯಲ್ಲಿ ನೀರು ನಿಲ್ಲುತ್ತದೆ.

ಕರಾವಳಿ

ಕಾರವಾರ, ಮಲ್ಪೆ, ಮಂಗಳೂರುಗಳಲ್ಲಿ ಗಾಳಿಯೇ ಉಪ್ಪನ್ನು ಹೊತ್ತು ತರುತ್ತದೆ. ಅಲೆ ಒಡೆಯುವ ದಡದಿಂದ ಸುಮಾರು 5 ಕಿ.ಮೀ. ಒಳಗೆ ಇರುವ ಸ್ಟೀಲಿನ ಮೇಲೆ ಚಹಾ ಚೆಲ್ಲಿ ಆರಿದಂತೆ ಕಂದು ಮಬ್ಬು ಕವಿಯುತ್ತದೆ. ಕಡಲತೀರದ ನಗರಗಳೇ ಹೆಚ್ಚಿರುವ ಆಸ್ಟ್ರೇಲಿಯದಲ್ಲಿ ಇದಕ್ಕೆ ಬಿದ್ದ ಹೆಸರೂ ‘ಟೀ ಸ್ಟೇನಿಂಗ್’. ನೋಡಲು ಕೆಟ್ಟದಾದರೂ ಇದು ಬಹುಪಾಲು ಮೈಮೇಲಿನ ಕಲೆ, ಬಲವನ್ನು ತಿನ್ನುವುದಿಲ್ಲ.

ಮಳೆ ರೇಲಿಂಗಿಗೆ ಶತ್ರು ಎಂಬ ಎಣಿಕೆ ಇಲ್ಲಿ ತಲೆಕೆಳಗು. ವರ್ಷಕ್ಕೆ 3,000 ಮಿ.ಮೀ. ಮೀರಿ ಬೀಳುವ ಕರಾವಳಿಯ ಮಳೆ ಉಪ್ಪನ್ನು ತೊಳೆದು ಒಯ್ಯುತ್ತದೆ. ಕಲೆ ಹೆಚ್ಚಾಗಿ ಕಾಣುವುದು ಮಳೆ ತಾಗದ ಕಡೆ: ಮಾಡಿನ ಕೆಳಗಿನ ಜಗಲಿ, ಹಿಡಿಕೆಯ ಅಡಿಭಾಗ, ಗೋಡೆಗೆ ಅಂಟಿದ ತುದಿ. ಮಳೆ ನಿಂತ ಮೇಲೆ, ನವೆಂಬರಿನಿಂದ ಮೇ ತಿಂಗಳವರೆಗೆ ಕೂತ ಉಪ್ಪನ್ನು ಕೆಳಗಿಳಿಸುವವರೇ ಇಲ್ಲ. ಕಡಲೂರಿನ ಮನೆಯಲ್ಲಿ ಪೈಪು 304 ಆಗಿದ್ದರೆ ಆ ಏಳು ತಿಂಗಳು ತಿಂಗಳಿಗೊಮ್ಮೆಯಾದರೂ ಸಿಹಿನೀರಿನಿಂದ ತೊಳೆಯಬೇಕು, ಹಿಡಿಕೆಯ ಅಡಿಗೆ ಕೈಹಾಕಿ ಒರೆಸಬೇಕು. ಬಾವಿನೀರು ಉಪ್ಪಾಗಿರುವ ಕಡೆ ಅದೇ ನೀರಿನಿಂದ ತೊಳೆದು ಫಲವಿಲ್ಲ.

ಬುಡ, ಬೋಲ್ಟು, ಸಂದು

ಹೊಳಪಿನ ಚಿಂತೆಯಲ್ಲಿ ಜನ ಮರೆಯುವುದು ಬುಡವನ್ನು. ಕಂಬದ ಪಾದಕ್ಕೆ ಬಟ್ಟಲಿನಂತೆ ಕವಿಚಿದ ಸ್ಟೀಲ್ ಮುಚ್ಚಳ ಇರುತ್ತದೆ. ಅದನ್ನು ಎತ್ತಿ ನೋಡಿದರೆ ಒಳಗೆ ಸಾದಾ ಕಬ್ಬಿಣದ ಪ್ಲೇಟು, ಸತು ಲೇಪಿಸಿದ ಅಗ್ಗದ ಆಂಕರ್ ಬೋಲ್ಟು ಇರುವುದು ಅಪರೂಪವಲ್ಲ. ಎರಡು ಲೋಹಗಳು ತಾಗಿಕೊಂಡು ನಡುವೆ ನೀರಿದ್ದರೆ ಕೀಳು ಲೋಹ ಮೊದಲು ಕರಗುತ್ತದೆ. ದೊಡ್ಡ ಸ್ಟೀಲಿಗೆ ಸಣ್ಣ ಕಬ್ಬಿಣದ ಬೋಲ್ಟು ಜೊತೆಯಾದರೆ ಬೋಲ್ಟು ಬೇಗ ಸಾಯುತ್ತದೆ. ಸಾಯುವಾಗ ತುಕ್ಕು ಉಬ್ಬಿ ಗ್ರಾನೈಟಿನ ಅಂಚನ್ನೂ ಸೀಳುತ್ತದೆ. ಮೇಲಿನ ಕೊಳವೆ ಕನ್ನಡಿಯಂತೆ ಹೊಳೆಯುತ್ತಿರುವಾಗಲೇ ರೇಲಿಂಗ್ ಅಲುಗಾಡತೊಡಗುವುದು ಹೀಗೆ.

ಹಾಗಾಗಿ ವರ್ಷಕ್ಕೊಮ್ಮೆ, ಮಳೆಗಾಲ ಮುಗಿದ ಮೇಲೆ, ಮುಚ್ಚಳಗಳನ್ನು ಎತ್ತಿ ಒಳಗಿನ ಕೊಳೆ ತೆಗೆಯಬೇಕು, ಪ್ರತಿ ಕಂಬವನ್ನೂ ಕೈಯಿಂದ ಅಲುಗಿಸಿ ನೋಡಬೇಕು. ಬೋಲ್ಟು ಬದಲಿಸುವುದಾದರೆ ಸ್ಟೇನ್‌ಲೆಸ್‌ನದ್ದೇ ಹಾಕಿಸಬೇಕು. ಮುಚ್ಚಳದ ಸುತ್ತ ಸೀಲಂಟ್ ಹಾಕುವಾಗ ವಿನೆಗರ್ ವಾಸನೆ ಬರುವ ಸಿಲಿಕೋನ್ ಬೇಡ, ‘ನ್ಯೂಟ್ರಲ್ ಕ್ಯೂರ್’ ಎಂದು ಬರೆದದ್ದು ಬೇಕು. ಗಾಜಿನ ಫಲಕ ಹಿಡಿದ ಕ್ಲ್ಯಾಂಪು, ರಬ್ಬರ್ ಬುಷ್, ತಂತಿಹಗ್ಗದ ತುದಿಗಳೂ ನೀರು ನಿಲ್ಲುವ ಸಂದುಗಳೇ. ಉದ್ದನೆಯ ಸಾಲಿನಲ್ಲಿ ಬೆಸುಗೆ ಬಿರುಕುಬಿಟ್ಟಿದ್ದರೆ ಬಿಸಿಲನ್ನು ಸಂಶಯಿಸಬೇಕು: 304 ಉಕ್ಕು ಕಾದಾಗ ಕಬ್ಬಿಣಕ್ಕಿಂತ ಹೆಚ್ಚು ಹಿಗ್ಗುತ್ತದೆ. 10 ಮೀಟರ್ ಉದ್ದದ ಕೊಳವೆ 30 ಡಿಗ್ರಿ ಏರಿಕೆಗೆ ಸುಮಾರು 5 ಮಿ.ಮೀ. ಬೆಳೆಯುತ್ತದೆ. ಎರಡೂ ಕಡೆ ಗೋಡೆಗೆ ಬಿಗಿದಿದ್ದರೆ ಆ 5 ಮಿ.ಮೀ. ಎಲ್ಲಿ ಹೋಗಬೇಕು?

ಈಜುಕೊಳಗಳ ಸ್ಟೀಲಿಗೆ ಬೇರೆಯೇ ಕಣ್ಗಾವಲು ಬೇಕು. 1985ರ ಮೇ ತಿಂಗಳಲ್ಲಿ ಸ್ವಿಟ್ಜರ್ಲೆಂಡಿನ ಉಸ್ಟರ್ ಪಟ್ಟಣದಲ್ಲಿ ಒಳಾಂಗಣ ಈಜುಕೊಳದ ಕಾಂಕ್ರೀಟ್ ಚಾವಣಿ ಕುಸಿದು 12 ಮಂದಿ ಸತ್ತರು. ಚಾವಣಿಯನ್ನು ಹಿಡಿದಿದ್ದ ಸ್ಟೇನ್‌ಲೆಸ್ ಸರಳುಗಳು ಕೊಳದ ಕ್ಲೋರಿನ್ ಸಂಯುಕ್ತಗಳಿಂದ ಒಳಗೊಳಗೇ ಬಿರಿದಿದ್ದವು. ಅವು ರೇಲಿಂಗ್ ಅಲ್ಲ, ಭಾರ ಹೊತ್ತ ಸರಳುಗಳು. ಆದರೂ ತೊಳೆಯಲು ಕೈಗೆ ಸಿಗದ, ಉಗಿ ಕವಿಯುವ ಕಡೆ ಸ್ಟೇನ್‌ಲೆಸ್ ಎಂಬ ಹೆಸರನ್ನು ನಂಬಿ ಕೂರಬಾರದೆಂದು ಕಟ್ಟಡದವರು ಕಲಿತದ್ದು ಅಲ್ಲಿಂದ.

ಸಾರ್ವಜನಿಕ ರೇಲಿಂಗ್

ದೇವಸ್ಥಾನದ ಸರದಿ ಸಾಲಿನ ಕಂಬಿಗೆ ಕುಂಕುಮ, ದೀಪದ ಎಣ್ಣೆ, ಎಳನೀರು, ಕರ್ಪೂರದ ಮಸಿ, ಸಾವಿರಾರು ಕೈಗಳ ಬೆವರು ಎಲ್ಲವೂ ತಾಗುತ್ತವೆ. ಅಲ್ಲಿ ಸೋಪುನೀರೇ ದಿನದ ಕೆಲಸ. ಕೊರೊನಾ ಕಾಲದಲ್ಲಿ ಇನ್ನೊಂದು ಪ್ರಶ್ನೆ ಎದ್ದಿತು. ಪ್ಲಾಸ್ಟಿಕ್ ಮತ್ತು ಸ್ಟೇನ್‌ಲೆಸ್ ಸ್ಟೀಲಿನ ಮೇಲೆ ವೈರಾಣು 72 ಗಂಟೆಯವರೆಗೆ ಪತ್ತೆಯಾಗಬಲ್ಲದು, ತಾಮ್ರದ ಮೇಲೆ 4 ಗಂಟೆ ಕಳೆದರೆ ಸಿಗುವುದಿಲ್ಲ ಎಂಬ ಪ್ರಯೋಗದ ಫಲ 2020ರ ಮಾರ್ಚಿನಲ್ಲಿ ಹೊರಬಂತು. ಕಂಡ ಕಂಡ ರೇಲಿಂಗಿಗೆ ಸೋಡಿಯಂ ಹೈಪೋಕ್ಲೋರೈಟ್ ಸಿಂಪಡಿಸಿದರು. ಕೇಂದ್ರ ಆರೋಗ್ಯ ಸಚಿವಾಲಯದ ಮಾರ್ಗಸೂಚಿ ನೆಲ, ಗೋಡೆಗೆ ಶೇ. 1ರ ಹೈಪೋಕ್ಲೋರೈಟ್ ಹೇಳಿ, ಬ್ಲೀಚ್ ಒಗ್ಗದ ಲೋಹದ ಮೇಲ್ಮೈಗೆ ಶೇ. 70ರ ಆಲ್ಕೋಹಾಲ್ ಬಳಸಿ ಎಂದೇ ತಿಳಿಸಿತ್ತು. ಸಿಂಪಡಿಸುವ ಅವಸರದಲ್ಲಿ ಆ ಸಾಲು ಓದಿದವರು ಕಡಿಮೆ. ರೇಲಿಂಗನ್ನು ಸೋಂಕುಮುಕ್ತ ಮಾಡಬೇಕಾದರೆ ಇಂದಿಗೂ ಆಲ್ಕೋಹಾಲೇ ಸರಿ. ಬ್ಲೀಚ್ ಬಳಸಲೇಬೇಕಾದರೆ ಹತ್ತು ನಿಮಿಷದಲ್ಲಿ ನೀರಿನಿಂದ ತೊಳೆದುಬಿಡಬೇಕು.

ಸರಿಯಾದ ದರ್ಜೆ, ನಯವಾದ ಮೇಲ್ಮೈ ಇದ್ದರೆ ಈ ಲೋಹ ಎಷ್ಟು ಕಡಿಮೆ ಕೇಳುತ್ತದೆ ಎನ್ನುವುದಕ್ಕೆ ನ್ಯೂಯಾರ್ಕಿನ ಕ್ರೈಸ್ಲರ್ ಕಟ್ಟಡವನ್ನು ಹೆಸರಿಸುವುದು ವಾಡಿಕೆ. 1930ರಲ್ಲಿ ಮುಗಿದ ಅದರ ಶಿಖರಕ್ಕೆ ಹೊದಿಸಿದ 18-8 ಉಕ್ಕನ್ನು ಇಪ್ಪತ್ತನೆಯ ಶತಮಾನದಲ್ಲಿ ದೊಡ್ಡದಾಗಿ ತೊಳೆದದ್ದು 1961ರಲ್ಲಿ ಮತ್ತು 1995ರಲ್ಲಿ. ಅಲ್ಲಿ ಮಳೆ ಉಳಿದ ಕೆಲಸ ಮಾಡಿತು, ಮನುಷ್ಯರ ಕೈ ತಲುಪಲಿಲ್ಲ.

ಕಿತ್ತ ರೇಲಿಂಗ್ ಪೂರ್ತಿ ಮರುಬಳಕೆಗೆ ಬರುತ್ತದೆ, ಕರಗಿಸಿ ಮತ್ತೆ ಉಕ್ಕು ಮಾಡುತ್ತಾರೆ. ಗುಜರಿಯಲ್ಲಿ ನಿಕ್ಕಲ್ ಹೆಚ್ಚಿರುವ 304ಕ್ಕೆ ಒಂದು ದರ, 202ಕ್ಕೆ ಅದಕ್ಕಿಂತ ಕಡಿಮೆ ದರ. ಮನೆ ಕಟ್ಟುವಾಗ ಯಾರೂ ಕೇಳದೆ ಬಿಟ್ಟ ಆ ಸಂಖ್ಯೆಯನ್ನು ತಕ್ಕಡಿಯ ಮುಂದೆ ಗುಜರಿಯವನು ಮೊದಲ ಬಾರಿಗೆ ಹೇಳುತ್ತಾನೆ.